ಸಕಲಾತಿಯೂ ಸೀನುವ ರಾಜನೂ

ತುಳಿಯುವ ಕೋಣೆಯಲ್ಲಿ ಗಡಿಯಾರ ಬಾಳುತ್ತಿರಲಿಲ್ಲ. ಎರಡು ಸಲ ತಂದು ನೇತುಹಾಕಿ ನೋಡಿದ್ದರು. ಮೊದಲನೆಯದರ ಹೊಟ್ಟೆಯೊಳಗೆ ಹಬೆ ಹೊಕ್ಕು ಮುಳ್ಳುಗಳು ಮೂರು ಗಂಟೆಗೇ ಅಂಟಿಕೊಂಡವು. ಎರಡನೆಯದು ಮೊಳೆಯಿಂದ ಜಾರಿ ನೆಟ್ಟಗೆ ತೊಟ್ಟಿಗೆ ಬಿತ್ತು. ಆಮೇಲೆ ಮೇಸ್ತ್ರಿ ಗಡಿಯಾರದ ಗೊಡವೆಗೆ ಹೋಗಲಿಲ್ಲ. "ನನ್ನ ಕಾಲಿಗೆ ಗೊತ್ತಾಗತ್ತೆ ಬಿಡು," ಅನ್ನುತ್ತಿದ್ದ.

ಕಾಲಿಗೆ ಗೊತ್ತಾಗಬೇಕಾದದ್ದು ಸಣ್ಣ ವಿಷಯವೇನಲ್ಲ. ಮಗ್ಗದಿಂದ ಇಳಿದ ಉಣ್ಣೆ ಬಟ್ಟೆ ಬಲೆಯ ಹಾಗೆ ಸಡಿಲವಾಗಿರುತ್ತದೆ. ಅದನ್ನು ಬಿಸಿ ಸಾಬೂನು ನೀರಿನ ತೊಟ್ಟಿಗೆ ಹಾಕಿ, ಮೇಲೆ ಕಟ್ಟಿದ ಹಗ್ಗ ಹಿಡಿದುಕೊಂಡು ನಾಲ್ಕು ಜನ ತುಳಿಯಬೇಕು. ತುಳಿದಷ್ಟೂ ಎಳೆಗೆ ಎಳೆ ಕಚ್ಚಿಕೊಂಡು ಬಟ್ಟೆ ಕುಗ್ಗುತ್ತದೆ, ದಪ್ಪವಾಗುತ್ತದೆ. ನಾಲ್ಕು ಮೊಳ ಅಗಲದ್ದು ಮೂರು ಮೊಳಕ್ಕೆ ಬರುತ್ತದೆ. ಬೇಗ ನಿಲ್ಲಿಸಿದರೆ ಜಾಳುಜಾಳು. ತಡವಾಯಿತೋ, ಹಲಗೆ. ನಡುವೆ ಒಂದೇ ಒಂದು ಗಳಿಗೆ ಇದೆ. ಅಲ್ಲಿ ನಿಲ್ಲಿಸಿ, ಒಣಗಿಸಿ, ಮೇಲಿನ ನವಿರನ್ನು ಎಬ್ಬಿಸಿ ಕತ್ತರಿಯಿಂದ ಸವರಿದರೆ ಅದು ಸಕಲಾತಿ. ಆ ಬಟ್ಟೆ ಮಾಡುವ ಮನೆ ಸುತ್ತಮುತ್ತ ಅದೊಂದೇ ಉಳಿದಿತ್ತು. ವಾದ್ಯ ಮಾಡುವವರು ಪೆಟ್ಟಿಗೆಯ ಒಳಗೆ ಹಾಸುವುದಕ್ಕೆ, ನಾಟಕದವರು ಸೇನಾಪತಿಗಳ ನಿಲುವಂಗಿಗೆ ಅಂತ ಹುಡುಕಿಕೊಂಡು ಬರುತ್ತಿದ್ದರು.

ಮೇಸ್ತ್ರಿ ಸುಮ್ಮನೆ ತುಳಿಯುವ ಆಸಾಮಿಯಲ್ಲ. ಕಾಲಿಗೆ ಕೆಲಸ ಹಚ್ಚಿದ ಕೂಡಲೇ ಬಾಯಿಗೂ ಹಚ್ಚುತ್ತಿದ್ದ. ಕಥೆ ಮಾತ್ರ ಯಾವಾಗಲೂ ಒಂದೇ: ಸಕಲಾತಿಗೆ ಆ ಹೆಸರು ಹೇಗೆ ಬಂತು ಅನ್ನುವುದು. ಅವನ ಅಪ್ಪ ಅದೇ ತೊಟ್ಟಿಯಲ್ಲಿ ನಿಂತು ಹೇಳಿದ್ದು, ಅಜ್ಜನೂ ಅಲ್ಲೇ ನಿಂತು ಹೇಳಿದ್ದಂತೆ. ಒಬ್ಬ ರಾಜನಿಗೆ ಯಾವ ಕಂಬಳಿ ಹೊದ್ದರೂ ಬಿಡದ ಚಳಿ. ಮೂರು ಸಲ ಸೀನುತ್ತಾನೆ, ಒಂದೊಂದು ಸೀನಿಗೂ ಅರಮನೆಯಲ್ಲಿ ಒಂದೊಂದು ಅವಾಂತರ. ಸಕಲ ನೇಕಾರರೂ ಬರಬೇಕೆಂದು ಡಂಗುರ ಹೊಡೆಸುತ್ತಾನೆ. ಬಂದವರೆಲ್ಲ ಸೋಲುತ್ತಾರೆ. ಕೊನೆಗೆ ಒಬ್ಬ ಮುದುಕಿ ತನ್ನ ಒಂಟಿ ಕಿವಿಯ ಕುರಿಯನ್ನು ಹೊಡೆದುಕೊಂಡು ಹೊಳೆ ದಾಟಿ ಬರುತ್ತಾಳೆ. ನಡುನೀರಿನಲ್ಲಿ ಕುರಿ ಮುಂದಕ್ಕೆ ಬರಲೊಲ್ಲೆ ಅನ್ನುತ್ತದೆ, ಅದರ ಜೊತೆ ಮುದುಕಿಯ ಜಗಳವೇ ಕಾಲು ಗಂಟೆ. ಅವಳು ನೇಯ್ದ ಬಟ್ಟೆಯನ್ನು ಏಳು ಜನ ರಾಣಿಯರು ಒಬ್ಬೊಬ್ಬರಾಗಿ ಕೆನ್ನೆಗೆ ಒತ್ತಿಕೊಂಡು ಒಂದೊಂದು ಕೊಂಕು ತೆಗೆಯುತ್ತಾರೆ. ಕಿರಿಯವಳು ಮಾತ್ರ ಒತ್ತಿಕೊಂಡವಳು ಅಲ್ಲೇ ನಿದ್ದೆ ಹೋಗುತ್ತಾಳೆ. ಸಕಲರೂ ಸೋತ ಮೇಲೆ ಗೆದ್ದ ಬಟ್ಟೆ ಇದು, ಆದ್ದರಿಂದ ಸಕಲಾತಿ ಅಂತ ರಾಜ ಹೆಸರಿಡುತ್ತಾನೆ. ಅಲ್ಲಿಗೆ ಕಥೆ ಮುಗಿಯಿತು. ಜೊತೆಗೆ ತುಳಿಯುವ ಮೂವರು ಅದನ್ನು ಎಷ್ಟು ಸಲ ಕೇಳಿದ್ದರೋ ಲೆಕ್ಕವಿಲ್ಲ. ಮೇಸ್ತ್ರಿಯ ತಂಗಿ, ತಂಗಿಯ ಗಂಡ, ಮತ್ತು ಪಕ್ಕದ ಮನೆಯ ದಪ್ಪ ಹೆಂಗಸು: ಅವಳಿಗೆ ಎಲ್ಲರೂ ಗಜಗಾಮಿನಿ ಅನ್ನುತ್ತಿದ್ದರು, ಅವಳಿಗೂ ಆ ಹೆಸರಿನ ಬಗ್ಗೆ ಹೆಮ್ಮೆಯೇ.

ಮೇಸ್ತ್ರಿಗೆ ಒಬ್ಬಳೇ ಮಗಳು. ಊರಿನ ಪದಕೋಶದ ಕಚೇರಿಯಲ್ಲಿ ಅವಳಿಗೆ ಕೆಲಸ. ದಿನವಿಡೀ ಒಂದೊಂದು ಚೀಟಿಗೆ ಒಂದೊಂದು ಪದದಂತೆ ಬರೆದು ಮರದ ಪೆಟ್ಟಿಗೆಗೆ ತುಂಬುವುದರಿಂದ ಮನೆಯಲ್ಲಿ ಅವಳ ಹೆಸರೇ ಚೀಟಿ ಅಂತಾಗಿತ್ತು. ಪದಕೋಶ ಹೊರಟು ಇಪ್ಪತ್ತಾರು ವರ್ಷಕ್ಕೆ 'ಸ' ಅಕ್ಷರ ಮುಟ್ಟಿತ್ತು. ಒಂದು ಬೆಳಿಗ್ಗೆ ಸಂಪಾದಕರು ಅವಳ ಮೇಜಿನ ಮೇಲೆ 'ಸಕಲಾತಿ' ಅಂತ ಬರೆದ ಒಂದು ಚೀಟಿ ಇಟ್ಟರು.

"ನೀವು ಆ ಮನೆಯವರೇ ಅಲ್ವೇನಮ್ಮಾ? ಹಳೇ ಕೋಶಗಳೆಲ್ಲ 'ಒಂದು ಬಗೆಯ ಉಣ್ಣೆ ಬಟ್ಟೆ' ಅಂತ ಬರೆದು ಕೈ ತೊಳ್ಕೊಂಡಿವೆ. ಯಾವ ಬಗೆ ಅಂತ ಒಬ್ಬ ಮಹಾನುಭಾವನೂ ಹೇಳಿಲ್ಲ. ಅರ್ಥವೂ ನೀವೇ ಬರೀರಿ, ಪದದ ಹುಟ್ಟೂ ನೀವೇ ಹುಡುಕಿ."

ಅರ್ಥಕ್ಕೆ ಅವಳು ಎಲ್ಲಿಗೂ ಅಲೆಯಬೇಕಾಗಲಿಲ್ಲ. ಅಪ್ಪ ಬಾಗಿಲ ಮೆಟ್ಟಿಲ ಮೇಲೆ ಕೂತು ಒದ್ದೆ ಕಾಲು ಒರೆಸಿಕೊಳ್ಳುತ್ತಾ ಹೇಳಿದ. "ಬರ್ಕೋ. ಬೆಳಕಿಗೆ ಹಿಡಿದ್ರೆ ನೇಯ್ಗೆ ಕಾಣಬಾರದು. ಕತ್ತರಿಸಿದ್ರೆ ಅಂಚು ಎಳೆ ಬಿಡಬಾರದು. ಮೇಲೆ ನೀರು ಚಿಮುಕಿಸಿದ್ರೆ ಹನಿ ಒಳಗೂ ಇಳೀಬಾರದು, ಜಾರಿಯೂ ಹೋಗಬಾರದು. ಕರೀದೆ ಬಂದ ನೆಂಟನ ಹಾಗೆ ಕೂತಿರಬೇಕು." ನೆಂಟನನ್ನು ಬಿಟ್ಟು ಮಿಕ್ಕದ್ದನ್ನೆಲ್ಲ ಅವಳು ಅಕ್ಷರವೂ ಬದಲಿಸದೆ ಬರೆದುಕೊಂಡಳು. ಸಂಪಾದಕರು ಓದಿ, "ಭೇಷ್, ಹೀಗಿರಬೇಕು ಅರ್ಥ ಅಂದ್ರೆ," ಅಂದರು.

ಹುಟ್ಟು ಹುಡುಕುವುದಕ್ಕೆ ಹನ್ನೊಂದು ದಿನ ಹಿಡಿಯಿತು. ಹಳೆಯ ಕಾಗದಗಳು, ನೆರೆಭಾಷೆಗಳ ಕೋಶಗಳು, ವ್ಯಾಪಾರಿಗಳ ಸರಕಿನ ಪಟ್ಟಿಗಳು ಅಂತ ತಡಕಾಡಿ ಕೊನೆಗೆ ಎಳೆ ಸಿಕ್ಕಿತು. ಸಕಲಾತಿ ಪಾರಸಿಯಿಂದ ವ್ಯಾಪಾರಿಗಳ ಜೊತೆ ಬಂದ ಮಾತು. ದಾರಿಯುದ್ದಕ್ಕೂ ಭಾಷೆಭಾಷೆಗಳಲ್ಲಿ ಅದರ ದಾಯಾದಿಗಳಿದ್ದರು. ಅದೇ ಮಾತು ಇನ್ನೊಂದು ದಿಕ್ಕಿಗೂ ಹೋಗಿ, ಅಲ್ಲಿ ಮೊದಲು ಬೆಲೆಬಾಳುವ ಉಣ್ಣೆ ಬಟ್ಟೆಯ ಹೆಸರಾಗಿ, ಬರಬರುತ್ತಾ ಕೆಂಪು ಬಣ್ಣದ ಹೆಸರೇ ಆಯಿತು ಅಂತಲೂ ಕೆಲವು ಪಂಡಿತರ ಊಹೆ. ಚೀಟಿಗೆ ನಿಂತಲ್ಲಿ ನಿಲ್ಲಲಾಗಲಿಲ್ಲ. ತಮ್ಮ ಹಿತ್ತಲ ತೊಟ್ಟಿಯ ಬಟ್ಟೆಗೆ ಇಷ್ಟು ದೂರದ ನೆಂಟಸ್ತನ ಇದೆಯೆಂದು ತಿಳಿದರೆ ಅಪ್ಪ ಕುಣಿದಾಡುತ್ತಾನೆ ಅಂದುಕೊಂಡು, ಬರೆದದ್ದನ್ನು ಮನೆಗೆ ತಂದು ಅವನ ಕೈಗಿಟ್ಟಳು.

ಅಪ್ಪ ಕನ್ನಡಕ ಏರಿಸಿ ಎರಡು ಸಲ ಓದಿದ.

"ಹಾಗಾದ್ರೆ ರಾಜ?"

"ರಾಜ ಗೀಜ ಯಾರೂ ಇಲ್ಲಪ್ಪ."

"ಮುದುಕಿ?"

"ಊಹೂಂ."

"ಒಂಟಿ ಕಿವಿ ಕುರಿ?"

ಅವಳಿಗೆ ನಗು ತಡೆಯಲಾಗಲಿಲ್ಲ. "ಅಪ್ಪಾ, ರಾಜನೇ ಇಲ್ಲ ಅಂದ್ಮೇಲೆ ಕುರಿ ಎಲ್ಲಿಂದ ಬರತ್ತೆ?"

"ಅಚ್ಚಾಗತ್ತಾ ಇದು?"

"ಆಗತ್ತೆ. ನಾನೇ ಹುಡುಕಿದ್ದು ಕಣಪ್ಪ!"

"ಒಳ್ಳೇದಾಯ್ತು," ಅಂದ ಅಪ್ಪ. ಕಾಗದವನ್ನು ಮೊದಲಿದ್ದ ಮಡಿಕೆಯಲ್ಲೇ ಮಡಿಸಿ, ಬೇರೆಯವರ ವಸ್ತುವನ್ನು ಹಿಂದಿರುಗಿಸುವವನಂತೆ ಎರಡೂ ಕೈಯಲ್ಲಿ ಹಿಡಿದು ಕೊಟ್ಟ. ಅವನಿಗೆ ಅಚ್ಚಿನ ಅಕ್ಷರದ ಮೇಲೆ ಅಪಾರ ಭಕ್ತಿ. ಶಾಲೆಗೆ ನಾಲ್ಕೇ ವರ್ಷ ಹೋದವನು, ಮಗಳನ್ನು ಮಾತ್ರ ಓದು ಓದು ಅಂತ ಬೆನ್ನು ಹತ್ತಿ ಓದಿಸಿದವನು. ಅವನ ಮುಖ ಸಣ್ಣದಾದದ್ದು ಚೀಟಿಗೆ ಕಾಣಲೇ ಇಲ್ಲ. ಹನ್ನೊಂದು ದಿನದ ಖುಷಿಯಲ್ಲಿ ಮನುಷ್ಯರ ಮುಖ ಯಾರಿಗೆ ಕಾಣುತ್ತದೆ?

ಮಾರನೆಯ ದಿನದಿಂದ ತುಳಿಯುವ ಕೋಣೆಯಲ್ಲಿ ಕಾಲಿನ ಸದ್ದೊಂದೇ. ಅವನ ತಂಗಿ, ಅಂದರೆ ಚೀಟಿಯ ಅತ್ತೆ, "ಏನಣ್ಣಾ, ಹಲ್ಲು ನೋವಾ?" ಅಂದಳು. "ಸುಮ್ನೆ ತುಳಿ," ಅಂದ ಅವನು. ಅಂದಿನ ಬಟ್ಟೆ ಹಲಗೆಯಾಯಿತು. ಗೋಡೆಗೆ ಒರಗಿಸಿದರೆ ಬಾಗಿಲಿನ ಹಾಗೆ ತಾನೇ ನಿಂತುಕೊಂಡಿತು. ಆ ಹೆದರಿಕೆಗೆ ಮುಂದಿನದನ್ನು ಬೇಗ ಎತ್ತಿದ. ಹಿಟ್ಟು ಜರಡಿ ಹಿಡಿಯಬಹುದಾದಂಥ ಜಾಳು ಬಂತು. ಮೂರನೆಯದು ಒಂದು ಬದಿ ದಪ್ಪ, ಒಂದು ಬದಿ ತೆಳ್ಳಗೆ. ನಲವತ್ತು ವರ್ಷದಲ್ಲಿ ವರ್ಷಕ್ಕೊಂದು ಕೆಟ್ಟರೆ ಹೆಚ್ಚು, ಈಗ ಸಾಲಾಗಿ ಮೂರು. ಮೂರನೆಯದನ್ನು ಮೇಸ್ತ್ರಿ ತಿರುಗಿಸಿ ತಿರುಗಿಸಿ ನೋಡಿ, ಮಡಿಸಿಟ್ಟು, ಮೆಟ್ಟಿಲ ಮೇಲೆ ಕಾಲು ಚಾಚಿಕೊಂಡು ಕೂತ.

"ಕಾಲು ಸತ್ತೋಗಿದೆ," ಅಂದ.

ಅಪ್ಪನ ಬಾಯಲ್ಲಿ ಅಂಥ ಮಾತನ್ನು ಚೀಟಿ ಕೇಳಿರಲಿಲ್ಲ. ಅವತ್ತೇ ಅವನನ್ನು ಡಾಕ್ಟರ ಹತ್ತಿರ ಎಳೆದುಕೊಂಡು ಹೋದಳು. ಡಾಕ್ಟರು ಪಾದ ಒತ್ತಿ, ಸೂಜಿ ಚುಚ್ಚಿ, ಬೆರಳು ಎಳೆದು ನೋಡಿ, "ಈ ಕಾಲು ನನಗೆ ಕೊಟ್ಬಿಡಿ ಯಜಮಾನ್ರೇ, ನನ್ನದು ನೀವು ಇಟ್ಕೊಳಿ," ಅಂದರು. ಅಪ್ಪ ನಗಲಿಲ್ಲ. "ಡಾಕ್ಟರಿಗೆ ಉಣ್ಣೆ ಗೊತ್ತಾ?" ಅಂತ ದಾರಿಯುದ್ದಕ್ಕೂ ಗೊಣಗಿದ. ನಾಟಕದವರಿಗೆ ಕೊಡಬೇಕಾದದ್ದರಲ್ಲಿ ಇನ್ನೂ ಎರಡು ಬಟ್ಟೆ ಬಾಕಿ ಇತ್ತು. ಅಪ್ಪ ಮನೆಗೆ ಬಂದವನೇ ಅತ್ತೆಯ ಗಂಡನನ್ನು ಕರೆದು ಹೇಳಿದ: "ಆ ಎರಡನ್ನು ನೀವೇ ನೋಡ್ಕೊಳ್ಳಿ ಭಾವ. ಬಂದ್ರೆ ಬಂತು. ಬರದಿದ್ರೆ ಹಗ್ಗ ಬಿಚ್ಚಿ ಬಿಡೋಣ. ಹಾಳು ಬಟ್ಟೆ ಕೊಟ್ಟು ಹೆಸರು ಕೆಡಿಸ್ಕೊಳ್ಳೋ ವಯಸ್ಸಲ್ಲ ಇದು."

ತೊಟ್ಟಿಯ ಮೇಲಿನ ಹಗ್ಗವೆಂದರೆ ಆ ಮನೆಗೆ ತೊಲೆಯಿದ್ದ ಹಾಗೆ. ಅದನ್ನು ಬಿಚ್ಚುವ ಮಾತು ಕೇಳಿ ಅತ್ತೆ ಸೆರಗಿನಲ್ಲಿ ಮುಖ ಮುಚ್ಚಿಕೊಂಡು ಅತ್ತಳು. ಚೀಟಿ ಎರಡು ದಿನ ರಜೆ ಹಾಕಿದಳು. ಅಪ್ಪನ ಜಾಗಕ್ಕೆ ನಾಲ್ಕನೆಯ ಜೋಡಿ ಕಾಲು ಬೇಕಿತ್ತಲ್ಲ, ತಾನೇ ಇಳಿದಳು. ಹುಟ್ಟಿದಾಗಿನಿಂದ ಆ ಮನೆಯಲ್ಲಿದ್ದರೂ ತೊಟ್ಟಿಗೆ ಇಳಿದದ್ದು ಅದೇ ಮೊದಲು. ಚಿಕ್ಕಂದಿನಲ್ಲಿ ಜಾರಿ ಬಿದ್ದಾಳೆಂದು ಅಪ್ಪ ಹೊಸಿಲು ದಾಟಿಸುತ್ತಿರಲಿಲ್ಲ. ಹೊಸಿಲ ಮೇಲೆ ಕೂತು ಕಥೆ ಕೇಳಿದ್ದಷ್ಟೇ.

ಬಿಸಿ ನೀರು ಮೊಣಕಾಲು ಮುಟ್ಟುತ್ತಿತ್ತು. ಕಾಲ ಕೆಳಗೆ ಬಟ್ಟೆ ಜಾರುತ್ತಿತ್ತು. ಹತ್ತು ನಿಮಿಷ ಆಗಿತ್ತೋ ಇಲ್ಲವೋ, ಒಳಗೆ ಜಗಳ ಹತ್ತಿಕೊಂಡಿತು.

"ಈಗ ಬಿಸಿನೀರು ಹಾಕಬೇಕು," ಅಂದ ಅತ್ತೆಯ ಗಂಡ.

"ಈಗ್ಲೇನಾ? ಸಾಬೂನಿನ ನೊರೆನೇ ಬಂದಿಲ್ಲ," ಅಂದಳು ಗಜಗಾಮಿನಿ.

"ಅತ್ತೇ, ದಿನಾ ನೀರು ಹಾಕೋಳು ನೀನೇ ತಾನೇ? ಯಾವಾಗ ಹಾಕ್ತಿದ್ದೆ?" ಅಂದಳು ಚೀಟಿ.

"ನನಗೇನು ಗೊತ್ತೇ ಮಾರಾಯ್ತಿ? ರಾಜ ಸೀನಿದಾಗ ಹಾಕ್ತಿದ್ದೆ. ಈಗ ಅವನು ಸೀನೋದೇ ಬಿಟ್ಟಿದ್ದಾನೆ!"

ಚೀಟಿಯ ಕಾಲು ನಿಂತುಬಿಟ್ಟಿತು.

"ಮಗುಚಿ ಹಾಕೋದು?"

"ಮುದುಕಿ ಹೊಳೆಗೆ ಇಳಿದಾಗ," ಅಂದಳು ಗಜಗಾಮಿನಿ, ಇದನ್ನೂ ಕೇಳಬೇಕೆ ಅನ್ನುವ ಮುಖ ಮಾಡಿ. "ಕುರಿ ಹಟ ಹಿಡಿದಾಗ ಅಂಚಿನ ಕಡೆ ತುಳೀಬೇಕು. ಆಮೇಲೆ ಒಬ್ಬೊಬ್ಬ ರಾಣಿಗೆ ಒಂದೊಂದು ಮಡಿಕೆ ಸರೀಬೇಕು. ಕಿರೀ ರಾಣಿ ಮಲಗಿದಾಗ ಮೆಲ್ಲಗೆ. ಹೆಸರಿಟ್ಟ ತಕ್ಷಣ ಎತ್ತಬೇಕು. ಅಷ್ಟೇ ಅಲ್ವಾ?"

ಅಷ್ಟೇ. ನಲವತ್ತು ವರ್ಷ ಎಲ್ಲರೂ ಅದೇ ಮಾಡಿದ್ದರು, ಆದರೆ ಮಾಡುತ್ತಿದ್ದೇವೆಂದು ಒಬ್ಬರಿಗೂ ತಿಳಿದಿರಲಿಲ್ಲ. ಮೇಸ್ತ್ರಿ ಕಾಲನ್ನು ನಂಬಿದ್ದ, ಮಿಕ್ಕವರು ಮೇಸ್ತ್ರಿಯನ್ನು ನಂಬಿದ್ದರು, ಕೆಲಸ ಮಾತ್ರ ಸೀನುವ ರಾಜನದು. ಆ ಬಟ್ಟೆಯೂ ಅವತ್ತು ಜಗಳದಲ್ಲೇ ಕೆಟ್ಟಿತು. ಅಲ್ಲಿಗೆ ಉಳಿದದ್ದು ಒಂದೇ. ಚೀಟಿ ಒದ್ದೆ ಕಾಲಲ್ಲೇ ಅಪ್ಪನ ಹತ್ತಿರ ಓಡಿದಳು.

"ಅಪ್ಪಾ, ನಿನ್ನ ಕಾಲಿಗೆ ಏನೂ ಆಗಿಲ್ಲ. ಕಥೆ ನಿಲ್ಲಿಸಿದ್ದಕ್ಕೇ ಹೀಗಾಗಿದ್ದು. ಆ ಕಥೆನೇ ನಿಮ್ಮೆಲ್ಲರ ಗಡಿಯಾರ. ನಾಳೆ ನೀನು ಇಳಿದು ಹೇಳು."

ಅಪ್ಪ ಎಲ್ಲವನ್ನೂ ಕೇಳಿಸಿಕೊಂಡ. ತಲೆ ಅಲ್ಲಾಡಿಸಿದ. "ನಾನು ಅದನ್ನ ನಿಜ ಅಂತ ಹೇಳ್ತಿದ್ದೆ ಕಣೇ. ನಮ್ಮಪ್ಪನೂ ನಿಜ ಅಂತಲೇ ಹೇಳಿದ್ದು. ಈಗ ಸುಳ್ಳು ಅಂತ ಗೊತ್ತಾದ್ಮೇಲೆ ಬಾಯಿ ಬರಲ್ಲ. ನಾಲಿಗೆ ಹೊರಳಿದ್ರೂ ಕಾಲು ಹೊರಳಲ್ಲ."

"ಸಕಲಾತಿ ಅಂದ್ರೆ ಏನು ಅಂತ ಕೋಶದಲ್ಲಿ ಇರೋದು ನಿನ್ನ ಮಾತೇ ಅಪ್ಪ. ಒಂದಕ್ಷರ ಬದಲಾಯಿಸಿಲ್ಲ. ಸಂಪಾದಕರು ಭೇಷ್ ಅಂದ್ರು."

"ಇರಲಿ ಬಿಡು. ಅರ್ಥ ನಮ್ಮದು, ಹುಟ್ಟು ಇನ್ಯಾರದೋ."

ತಾನು ಏನು ಮಾಡಿಟ್ಟಿದ್ದೇನೆ ಅನ್ನುವುದು ಆಗ ಅವಳಿಗೆ ಸರಿಯಾಗಿ ಅರ್ಥವಾಯಿತು. ಅವಳು ಬರೆದದ್ದರಲ್ಲಿ ತಪ್ಪಿರಲಿಲ್ಲ. ನಕ್ಕದ್ದು ತಪ್ಪು. ಆ ನಗುವನ್ನು ಹೇಗೆ ಹಿಂದಕ್ಕೆ ತೆಗೆದುಕೊಳ್ಳುವುದೋ ತಿಳಿಯದೆ ಅಪ್ಪನ ಪಕ್ಕದಲ್ಲೇ ಕೂತಿದ್ದಳು. ಅವನನ್ನು ಕಂಡರೆ ಅವಳಿಗೆ ಪ್ರಾಣ, ಅದನ್ನಾದರೂ ಬಾಯಿಬಿಟ್ಟು ಹೇಳಬಹುದಿತ್ತು, ಹೇಳಲಿಲ್ಲ.

ಬೆಳಿಗ್ಗೆ ಕೊನೆಯ ಬಟ್ಟೆ ತೊಟ್ಟಿಗೆ ಬಿತ್ತು. ಕೊರೆಯುವ ಚಳಿ. ಅಪ್ಪ ಹೊರಗೆ ಮೆಟ್ಟಿಲ ಮೇಲೆ, ಕೋಣೆಗೆ ಬೆನ್ನು ಹಾಕಿ ಕೂತಿದ್ದ. ಹಗ್ಗ ಬಿಚ್ಚಲು ಏಣಿಯನ್ನೂ ತಂದು ಗೋಡೆಗೆ ಒರಗಿಸಿಟ್ಟಿದ್ದ. ಚೀಟಿ ಹಗ್ಗ ಹಿಡಿದಳು. ಬಾಗಿಲನ್ನು ಬೇಕೆಂದೇ ತೆರೆದಿಟ್ಟು, ಗಂಟಲು ಸರಿಮಾಡಿಕೊಂಡು ತಾನೇ ಶುರು ಹಚ್ಚಿದಳು.

"ಒಂದೂರಲ್ಲಿ ಒಬ್ಬ ರಾಜ ಇದ್ದ..."

"ಒಂದೂರಲ್ಲಲ್ಲ," ಹೊರಗಿಂದ ಗೊಣಗಾಟ ಕೇಳಿತು. "ಏಳು ಬೆಟ್ಟದಾಚೆ."

"ಏಳು ಬೆಟ್ಟದಾಚೆ ಒಬ್ಬ ರಾಜ ಇದ್ದ. ಅವನಿಗೆ ಚಳಿ. ಆಕ್ಷೀ ಅಂತ ಸೀನಿದ." ಅತ್ತೆ ಸಡಗರದಿಂದ ಬಿಸಿನೀರು ಸುರಿದಳು. ಚೀಟಿ ಇನ್ನೆರಡು ಸಲ ಸೀನಿಸಿದಳು. ಅಡುಗೆಯವನ ಟೊಪ್ಪಿಗೆ ಹಾರಿಸಿದಳು, ಮಂತ್ರಿಯ ಮೀಸೆಗೆ ಮಸಿ ಚೆಲ್ಲಿಸಿದಳು. "ಆಮೇಲೆ ರಾಜ ಡಂಗುರ—"

"ನಾಲ್ಕು!"

ಅಪ್ಪ ಎದ್ದು ಬಾಗಿಲಲ್ಲಿ ನಿಂತಿದ್ದ. "ಚಳಿಗಾಲದಲ್ಲಿ ನಾಲ್ಕು ಸಲ ಸೀನ್ತಾನೆ ಕಣೇ! ಮೂರಕ್ಕೇ ಬಿಟ್ರೆ ನೀರು ತಣ್ಣಗಾಗಲ್ವಾ? ಎಷ್ಟು ಸಲ ಕೇಳಿದ್ದೀಯ ನೀನು?"

ಹೇಳಿದವನು ಅಲ್ಲೇ ಬೆಪ್ಪಾಗಿ ನಿಂತ. ಚಿಕ್ಕಂದಿನಲ್ಲಿ ಚಳಿಗಾಲದ ಆ ನಾಲ್ಕನೆಯ ಸೀನನ್ನು ಚೀಟಿಯೂ ಗಮನಿಸಿದ್ದಳು, ಅಪ್ಪ ತನ್ನನ್ನು ನಗಿಸಲು ಸೇರಿಸುತ್ತಾನೆ ಅಂದುಕೊಂಡಿದ್ದಳು. ಅವನಿಗೂ ಅದು ಹಾಗೇ ಅನ್ನಿಸಿತ್ತೋ ಏನೋ. ಈಗ ತನ್ನ ಬಾಯಿಂದ ಬಂದ ಮಾತನ್ನು ತಾನೇ ಕೇಳಿಸಿಕೊಂಡವನಂತೆ ತೊಟ್ಟಿಯನ್ನೊಮ್ಮೆ, ಅತ್ತೆಯ ಕೈಯಲ್ಲಿದ್ದ ಬಿಸಿನೀರಿನ ಚೊಂಬನ್ನೊಮ್ಮೆ ನೋಡಿದ.

"ನಾಲ್ಕನೇ ಸೀನಿಗೆ ಏನಾಯ್ತು ಅಪ್ಪಾ? ನನಗೆ ಬರಲ್ಲ," ಅಂದಳು ಚೀಟಿ. ನಿಜವಾಗಿಯೂ ಅವಳಿಗೆ ಬರುತ್ತಿರಲಿಲ್ಲ.

"ಪಟ್ಟದಾನೆಗೆ ಶೀತ ಆಯ್ತು," ಅಂದ ಅಪ್ಪ ಮೆಲ್ಲಗೆ.

"ಆನೆಗೂ ಸೀನಾ?"

"ಮತ್ತೆ? ಆನೆ ಸೀನಿದ್ದು ನೋಡಿದ್ದೀಯಾ ನೀನು? ಸರಿ, ಆ ಕಡೆ ಸರಿ. ಹಾಗಲ್ಲ ಕಾಲಿಡೋದು, ಹಿಮ್ಮಡಿ ಮೊದಲು." ಪಂಚೆ ಎತ್ತಿ ಕಟ್ಟಿ ಅವನು ತೊಟ್ಟಿಗೆ ಇಳಿದ. ಐದನೆಯವಳಾಗಿ ಚೀಟಿ ಮೂಲೆಗೆ ಒತ್ತಿಕೊಂಡಳು. ಆನೆ ಸೀನಿತು, ಅತ್ತೆ ಚೊಂಬು ಬಗ್ಗಿಸಿದಳು.

ಮೊದಮೊದಲು ಅವನ ದನಿ ಒಣಗಿತ್ತು. ಓದಿ ಒಪ್ಪಿಸುವವನ ಹಾಗೆ ಹೇಳಿದ. ಡಂಗುರದವನು ಬರುವಷ್ಟರಲ್ಲಿ ಗಂಟಲು ತೆರೆದುಕೊಂಡಿತು. ಮುದುಕಿ ಹೊಳೆಗೆ ಇಳಿದಳು, ಐವರೂ ಬಗ್ಗಿ ಬಟ್ಟೆಯನ್ನು ಮಗುಚಿದರು. ಕುರಿ ಹಟ ಹಿಡಿಯಿತು; ಅವತ್ತು ಅದು ಎಂದಿಗಿಂತ ಹೆಚ್ಚು ಮಾತಾಡಿತು, ಮುದುಕಿಯ ಮೂಗಿನ ಬಗ್ಗೆಯೂ ಏನೋ ಅಂದಿತು. ಗಜಗಾಮಿನಿ ಹೊಟ್ಟೆ ಹಿಡಿದುಕೊಂಡು ನಕ್ಕಳು, ಆದರೆ ಅವಳ ಕಾಲು ತಪ್ಪಲಿಲ್ಲ. ಕಾಲ ಕೆಳಗೆ ಬಟ್ಟೆ ಜಾರುವುದನ್ನು ಬಿಟ್ಟು ಅಂಗಾಲನ್ನು ಹಿಡಿಯತೊಡಗಿದ್ದು ಚೀಟಿಗೂ ತಿಳಿಯಿತು. ರಾಣಿಯರು ಸಾಲಾಗಿ ಬಂದು ಮೂತಿ ತಿರುವಿಕೊಂಡು ಹೋದರು. ಕಿರಿಯವಳು ಬಂದಾಗ ಅಪ್ಪನ ದನಿ ಇಳಿಯಿತು, ಹೆಜ್ಜೆಯೂ ಇಳಿಯಿತು. ಹಬೆಯ ನಡುವೆ ಐದು ಜೋಡಿ ಕಾಲು, ಮಲಗಿದವಳನ್ನು ಎಬ್ಬಿಸಬಾರದೆನ್ನುವಂತೆ ಮೆಲ್ಲಗೆ ಏರಿ ಇಳಿದವು.

"ಅದಕ್ಕೇ," ಅಂದ ಅಪ್ಪ, "ರಾಜ ಅದನ್ನ ಸಕಲಾತಿ ಅಂತ ಕರೆದ."

ಕಾಲುಗಳು ನಿಂತವು. ಬಟ್ಟೆಯನ್ನು ಎತ್ತಿ, ತಣ್ಣೀರಲ್ಲಿ ಜಾಲಿಸಿ, ಹಿಂಡಿ, ಕೋಲಿನ ಮೇಲೆ ಹರಡಿದರು. ಅಪ್ಪ ಮೊಳ ಹಾಕಿದ: ಒಂದು, ಎರಡು, ಮೂರು. ಮೂರನೆಯದು ಅಂಚಿಗೆ ಸರಿಯಾಗಿ ಮುಟ್ಟಿತು. ಬಾಗಿಲ ಬೆಳಕಿಗೆ ಎತ್ತಿ ಹಿಡಿದ. ಒಂದು ಎಳೆಯೂ ಬೇರೆಯಾಗಿ ಕಾಣಲಿಲ್ಲ.

"ಚೀಟೀ," ಅಂದ ಅಪ್ಪ, ಬಟ್ಟೆಯ ಹಿಂದಿನಿಂದ. "ಆ ಕಥೆ ಸುಳ್ಳೇ ತಾನೇ?"

ಅವಳಿಗೆ ಅವನ ಮುಖ ಕಾಣುತ್ತಿರಲಿಲ್ಲ. ಸುಮ್ಮನೆ ಸಮಾಧಾನಕ್ಕೆ ಏನೋ ಒಂದು ಹೇಳಿಬಿಡಬಹುದಿತ್ತು. ಆದರೆ ಅದು ಅವನಿಗೆ ಗೊತ್ತಾಗದೆ ಇರುತ್ತಿರಲಿಲ್ಲ.

"ಸುಳ್ಳೇ ಅಪ್ಪ. ನಾನು ನಗಬಾರದಿತ್ತು. ಆದ್ರೆ ಸುಳ್ಳೇ. ಅದರಲ್ಲಿ ಒಂದು ಮಾತೂ ಬಿಡದ ಹಾಗೆ ನನಗೆ ಕಲಿಸು."

ಅಪ್ಪ ಬಟ್ಟೆಯನ್ನು ಇಳಿಸಿದ. ಅವನ ಕಣ್ಣು ಒದ್ದೆಯಾಗಿತ್ತು. ಹಬೆಯೆಂದು ಯಾರೂ ಸುಳ್ಳು ಹೇಳಹೋಗಲಿಲ್ಲ. ಬಟ್ಟೆಯನ್ನು ತಂಗಿಯ ಕೈಗೆ ಕೊಟ್ಟು, ತೊಟ್ಟಿಯ ಕಟ್ಟೆಯ ಮೇಲೆ ಕೂತು, ನೊರೆ ಮೆತ್ತಿದ ತನ್ನ ಎರಡು ಪಾದಗಳನ್ನು ಮುಂದೆ ಚಾಚಿ ಬಹಳ ಹೊತ್ತು ನೋಡಿದ. ಬೆರಳುಗಳನ್ನು ಒಂದೊಂದಾಗಿ ಆಡಿಸಿದ.

"ಇವಕ್ಕೇನೂ ಆಗಿಲ್ಲ ಕಣೇ," ಅಂದ.